ರೊಟ್ಟಿ ಪಾಳಿ ಹೇಳಿದ ಪೆಟ್ಟಿಗೆ

ತಿರ್ಲಾಪುರದ ನಮ್ಮ ಮನೆಯಲ್ಲಿ ಬೆಳಗಾಗುವುದೆಂದರೆ ರೊಟ್ಟಿ ಬಡಿಯುವ ಸದ್ದು ಕೇಳುವುದು. ಕಣ್ಣು ತೆರೆಯುವ ಮೊದಲೇ ಅದು ಕಿವಿಗೆ ಬೀಳುತ್ತಿತ್ತು. ಕೌದಿಯೊಳಗೆ ಮುದುಡಿಕೊಂಡೇ ಇವತ್ತು ಒಲೆಯ ಮುಂದೆ ಯಾರು ಕೂತಿದ್ದಾರೆಂದು ನಾನು ಹೇಳಿಬಿಡುತ್ತಿದ್ದೆ. ದೊಡ್ಡಪ್ಪನ ಹೆಂಡತಿ ದೊಡ್ಡವ್ವನದು ನಿಧಾನದ, ತೂಕದ ಬಡಿತ. ನಮ್ಮವ್ವನದು ಯಾರೋ ಅಟ್ಟಿಸಿಕೊಂಡು ಬಂದ ಹಾಗೆ ಅವಸರದ್ದು. ಕಾಕಾನ ಹೆಂಡತಿ ಚಿಗವ್ವ ನಡುನಡುವೆ ಕೈ ನಿಲ್ಲಿಸಿ, ಏನಾದರೂ ಮಾತಾಡಿ, ನಗಾಡಿ, ಮತ್ತೆ ಶುರು ಮಾಡುತ್ತಿದ್ದಳು. ಮೂವರು ಅಣ್ಣತಮ್ಮಂದಿರು, ಮೂವರು ಸೊಸೆಯರು, ನಾವು ಮಕ್ಕಳು, ಎಲ್ಲರ ಮೇಲೆ ಅಪ್ಪನ ಅವ್ವ, ನಮ್ಮ ಆಯಿ. ಸುಗ್ಗಿ ಬಂತೆಂದರೆ ಹೊಲದ ಆಳುಗಳೂ ಊಟಕ್ಕೆ ಸೇರುತ್ತಿದ್ದರು. ಅಷ್ಟು ಮಂದಿಗೆ ಬೇಕಾದ ಜೋಳದ ರೊಟ್ಟಿಯನ್ನು ಒಬ್ಬಳೇ ಹೆಂಗಸು ಹೊಗೆಯಲ್ಲಿ ಕೂತು ಬಡಿಯಬೇಕು. ಉಣ್ಣುವವರಿಗೆ ಅದರ ಕಷ್ಟ ಗೊತ್ತಾಗುತ್ತಿರಲಿಲ್ಲ. ಬಿಸಿ ರೊಟ್ಟಿ ಮುಂದೆ ಬಂದರೆ ಎಲ್ಲರೂ ಶಾಣ್ಯಾರೇ.

ಮನೆ ಮೇಲ್ಮುದ್ದಿಯದು, ಸಪಾಟಾದ ಮಣ್ಣಿನ ಮಾಳಿಗೆ. ತಲಬಾಗಿಲು ದಾಟಿದರೆ ಎತ್ತು, ಆಕಳು ಕಟ್ಟುವ ದನದ ಹಕ್ಕಿ. ಅಲ್ಲಿಂದ ಕಟ್ಟೆ ಏರಿದರೆ ಪಡಸಾಲೆ. ಪಡಸಾಲೆಯ ಹಿಂದೆ ಅಡುಗೆಮನೆ, ಅದರ ಬಾಜೂಕೆ ದೇವರ ಜಗಲಿ. ಗೋಡೆಗಳಿಗೆ ಕಿಟಕಿ ಕಡಿಮೆ, ಮೇಲಿನ ಬೆಳಕಿಂಡಿಯಿಂದ ಬಿಸಿಲು ಕೋಲಿನ ಹಾಗೆ ಇಳಿದು, ಹೊತ್ತು ಏರಿದಂತೆ ನೆಲದ ಮೇಲೆ ಸರಿಯುತ್ತಿತ್ತು. ಹತ್ತಿ ಬಂದ ಕಾಲಕ್ಕೆ ಪಡಸಾಲೆಯ ಅರ್ಧ ಹತ್ತಿಯ ರಾಶಿ; ನಾವು ಅದರ ಮೇಲೆ ಬಿದ್ದು ಹೊರಳಾಡಿ ಬೈಸಿಕೊಳ್ಳುತ್ತಿದ್ದೆವು. ದೊಡ್ಡಪ್ಪ ಒಕ್ಕಲುತನ ನೋಡುತ್ತಿದ್ದ. ಕಾಕಾ ಅಣ್ಣಿಗೇರಿಯ ಹತ್ತಿ ಜಿನ್ನಿನಲ್ಲಿ ಕೆಲಸಕ್ಕೆ ಹೋಗುತ್ತಿದ್ದ. ನಡುವಿನವನು ನಮ್ಮಪ್ಪ, ನವಲಗುಂದದ ಹೈಸ್ಕೂಲಿನಲ್ಲಿ ಗಣಿತದ ಮಾಸ್ತರ. ನೌಕರಿ ಸಿಕ್ಕ ದಿನದಿಂದ ಮನೆಯವರೂ ಅವನನ್ನು ಹೆಸರು ಹಿಡಿದು ಕರೆಯುವುದು ಬಿಟ್ಟು ಮಾಸ್ತರ ಎಂದೇ ಕರೆಯುತ್ತಿದ್ದರು. ಅಪ್ಪನಿಗೆ ಅದು ಒಳಗೊಳಗೇ ಸೇರುತ್ತಿತ್ತು ಎಂದು ನನ್ನ ಅನುಮಾನ.

ಆ ಪೆಟ್ಟಿಗೆ ನಮ್ಮ ಮನೆಗೆ ಬಂದದ್ದು ಅಳ್ನಾವರದಿಂದ. ಅಲ್ಲಿ ರೈಲ್ವೆಯಲ್ಲಿದ್ದ ಅಪ್ಪನ ಗೆಳೆಯನೊಬ್ಬನಿಗೆ ಹಡಗಿನ ಕೆಲಸದ ಗೋವಾದವನೊಬ್ಬ ಅದನ್ನು ಕೊಟ್ಟಿದ್ದನಂತೆ. ಗೆಳೆಯನಿಗೆ ತಲೆಬುಡ ತಿಳಿಯದೆ, ಲೆಕ್ಕದ ಮಾಸ್ತರನ ಕೈಗಾದರೂ ಹತ್ತೀತು ಎಂದು ಅಪ್ಪನಿಗೆ ದಾಟಿಸಿದ. ಅಪ್ಪ ಅದನ್ನು ಧೋತರದಲ್ಲಿ ಸುತ್ತಿ, ಬಸ್ಸಿನಲ್ಲಿ ತೊಡೆಯ ಮೇಲಿಟ್ಟುಕೊಂಡು ತಂದ. ಬಿಚ್ಚಿ ನೋಡಿದರೆ ಕಪ್ಪನೆಯ ಒಂದು ಹಲಗೆ, ಅದರ ಮೇಲೆ ರಬ್ಬರಿನ ಗುಂಡಿಗಳು, ಹಿಂದೆ ಎರಡು ಮೂರು ತೂತು. ಇಷ್ಟೇನಾ ಎಂದು ಎಲ್ಲರಿಗೂ ಮುಖ ಸಪ್ಪಗಾಯಿತು. ಅಪ್ಪನ ಮುಖ ಮಾತ್ರ ಹೊಸ ಮದುಮಗನ ಮುಖದ ಹಾಗಿತ್ತು.

ಈಗ ನಾನು ಕುಂದಗೋಳದ ಕಾಲೇಜೊಂದರಲ್ಲಿ ಮಕ್ಕಳಿಗೆ ಕಂಪ್ಯೂಟರ್ ಪಾಠ ಹೇಳುತ್ತೇನೆ. ಆ ಕಾಲದ ಮನೆ ಕಂಪ್ಯೂಟರಿನ ಸುದ್ದಿ ತೆಗೆದರೆ ಅವರು ಅಜ್ಜಿಕತೆ ಕೇಳುವವರ ಹಾಗೆ ಕೂತುಬಿಡುತ್ತಾರೆ. ಅದಕ್ಕೆ ಸ್ವಂತದ ಪರದೆ ಇರಲಿಲ್ಲ. ಮನೆಯ ಟಿವಿಗೆ ವಾಯರ್ ಹಚ್ಚಬೇಕು. ಬರೆದದ್ದನ್ನು ಇಟ್ಟುಕೊಳ್ಳಲು ಜಾಗವಿರಲಿಲ್ಲ; ಹಾಡು ಕೇಳುವ ಕ್ಯಾಸೆಟ್ಟಿನಲ್ಲಿ ತುಂಬಿಡಬೇಕು. ಇವತ್ತು ನಾವು ಆಪರೇಟಿಂಗ್ ಸಿಸ್ಟಂ ಅನ್ನುತ್ತೇವಲ್ಲ, ಯಂತ್ರ ಎದ್ದ ಕೂಡಲೇ ಇದನ್ನು ಇಲ್ಲಿಡು, ಅದನ್ನು ಅಲ್ಲಿಂದ ತಾ ಎಂದು ಸಂಸಾರ ತೂಗಿಸುವ ಯಜಮಾನಿಕೆ, ಅಂಥದ್ದು ಅದರಲ್ಲಿ ಹೆಸರಿಗೆ ಮಾತ್ರ ಇತ್ತು. ಬೇಸಿಕ್ ಎಂಬ ಒಂದು ಪುಟ್ಟ ಭಾಷೆಯನ್ನು ಚಿಪ್ ಎಂಬ ಬಿಲ್ಲೆಯೊಳಗೆ ಅಚ್ಚೊತ್ತಿ ಇಟ್ಟಿದ್ದರು. ಸ್ವಿಚ್ ಹಾಕಿದರೆ ಅದು ತಯಾರಿದ್ದೇನೆ ಎಂದು ಹೇಳಿ ಸುಮ್ಮನೆ ಕೂರುತ್ತಿತ್ತು. ನಾವು ಸಾಲು ಸಾಲಾಗಿ ಹೇಳಿಕೊಡಬೇಕು, ಅದು ಹೇಳಿದಷ್ಟೇ ಮಾಡಬೇಕು. ಸ್ವಿಚ್ ತೆಗೆದರೆ, ಇಲ್ಲವೇ ಕರೆಂಟು ಹೋದರೆ, ಕಲಿಸಿದ್ದೆಲ್ಲ ನೀರಿನಲ್ಲಿ ಹೋಮ. ನಮ್ಮ ಕಡೆ ಕರೆಂಟಿನ ಸುದ್ದಿ ಹೇಳಬೇಕಾಗಿಲ್ಲ.

ಟಿವಿ ದೊಡ್ಡಪ್ಪನದು. ಒಳ್ಳೆಯ ಹತ್ತಿ ಬಂದ ವರ್ಷ ಅವನು ಹುಬ್ಬಳ್ಳಿಯಿಂದ ತಂದದ್ದು, ಬಾಗಿಲು ಎಳೆದು ಮುಚ್ಚುವ ಕಪ್ಪುಬಿಳುಪಿನ ಟಿವಿ. ಟೇಪ್ ರೆಕಾರ್ಡರ್ ಚಿಗವ್ವ ತವರಿನಿಂದ ತಂದದ್ದು. ಈ ಮೂರನ್ನೂ ಪಡಸಾಲೆಯ ಕಟ್ಟಿಗೆಯ ಬಾಂಕಿನ ಮೇಲೆ ಕೂಡಿಸಿ, ಬೆಳಕಿಂಡಿಯ ಬಿಸಿಲು ಟಿವಿಯ ಮೇಲೆ ಬೀಳದಂತೆ ಒಂದು ಕೌದಿ ಮರೆ ಕಟ್ಟಿ, ಅಪ್ಪ ಪೆಟ್ಟಿಗೆ ನಡೆಸುತ್ತಿದ್ದ. ಕ್ಯಾಸೆಟ್ಟಿನಿಂದ ಅದಕ್ಕೆ ನೆನಪು ತುಂಬುವಾಗ ಕರ್ಕಶವಾಗಿ ಕಿರುಚುವ ಸದ್ದು ಬರುತ್ತಿತ್ತು. ಗಿರಣಿಯ ಬೆಲ್ಟ್ ಜಾರಿದ ಹಾಗೆ ಆಗತೈತಿ ಎಂದು ಆಯಿ ಕಿವಿ ಮುಚ್ಚಿಕೊಳ್ಳುತ್ತಿದ್ದಳು. ಆ ಹೊತ್ತಿನಲ್ಲಿ ಯಾರೂ ಪಡಸಾಲೆಯಲ್ಲಿ ಧಡಧಡ ಓಡಾಡುವಂತಿಲ್ಲ, ಟೇಪಿನ ದನಿ ಏರಿಸುವಂತಿಲ್ಲ, ಇಳಿಸುವಂತಿಲ್ಲ. ಅರ್ಧಕ್ಕೆ ತಪ್ಪಿತೋ, ಮತ್ತೆ ಮೊದಲಿನಿಂದ. ಒಮ್ಮೆ ಕಾಕಾ ಅವಸರದಲ್ಲಿ ಹಾಡಿನ ಕ್ಯಾಸೆಟ್ ಎಂದು ತಿಳಿದು ಅದನ್ನೇ ಹಾಕಿ, ಬೀಗರ ಮುಂದೆ ಆ ಕಿರುಚಾಟ ಕೇಳಿಸಿ, ನಾಚಿ ನೀರಾಗಿದ್ದ. ಅಪ್ಪ ನನ್ನನ್ನು ಬಾಜೂಕೆ ಕೂರಿಸಿಕೊಂಡು ಪುಸ್ತಕ ನೋಡಿ ಅಕ್ಷರ ಓದಿಸುತ್ತಿದ್ದ. ನಾನು ಕಂಪ್ಯೂಟರ್ ಕಲಿತದ್ದು ಕಾಲೇಜಿನಲ್ಲಲ್ಲ, ಆ ಕೌದಿಯ ನೆರಳಿನಲ್ಲಿ.

ಇತ್ತ ಅಡುಗೆಮನೆಯಲ್ಲಿ ರೊಟ್ಟಿಯ ಪಾಳಿಯ ಮೇಲೆ ಮುಸುಕಿನ ಗುದ್ದಾಟ ನಡೆದಿತ್ತು. ಮೊದಲೆಲ್ಲ ಆಯಿ ಹೇಳಿದ್ದೇ ಪಾಳಿ. ಒಬ್ಬಳಿಗೆ ರೊಟ್ಟಿ, ಒಬ್ಬಳಿಗೆ ಕೆರೆಯ ನೀರು, ಒಬ್ಬಳಿಗೆ ಪಲ್ಯ, ಬ್ಯಾಳಿ. ಪಲ್ಯದವಳದು ಅಗದಿ ಹಗುರ ಕೆಲಸ. ಆಯಿಗೆ ವಯಸ್ಸಾದಂತೆ, ಅವಳು ಆ ಸೊಸೆಯ ಕಡೆ, ಈ ಸೊಸೆಯ ಕಡೆ ಎಂಬ ಮಾತು ಹುಟ್ಟಿತು. ಆಯಿ ಸಿಟ್ಟಾಗಿ ಚೀಟಿಗೆ ಬಂದಳು. ನಮ್ಮಲ್ಲಿ ಹೊಲದ ನೀರಿಗಾಗಲಿ, ಪಾಲಿಗಾಗಲಿ, ಚೀಟಿ ಎತ್ತಿದ ಮೇಲೆ ಯಾರೂ ತುಟಿ ಪಿಟಕ್ಕೆನ್ನುವುದಿಲ್ಲ. ಅದು ದೇವರ ಮಾತು. ಆಯಿ ದಿನವೂ ಚೀಟಿಗಳನ್ನು ಚಂಬಿಗೆ ಹಾಕಿ, ಗಳಗಳ ಅಲ್ಲಾಡಿಸಿ, ಮನೆಯ ಸಣ್ಣ ಕೂಸಿನ ಕೈಯಿಂದ ಎತ್ತಿಸುತ್ತಿದ್ದಳು. ಕೂಸು ಚಿಗವ್ವನದು. ಮಗುವಿಗೆ ಚೀಟಿಯ ಮಡಿಕೆಯ ಗುರುತು ಹೇಳಿಕೊಟ್ಟಿದ್ದಾಳೆ ಎಂದು ನಮ್ಮವ್ವ ಮುಖ ಊದಿಸಿದಳು. ಹಾಲು ಕುಡಿಯುವ ಕೂಸಿಗೆ ಅಷ್ಟು ಬುದ್ಧಿಯಿದ್ದರೆ ನಾವೆಲ್ಲ ಎಲ್ಲಿಗೋ ಹೋಗಿರುತ್ತಿದ್ದೆವು. ಆದರೆ ಹೊಗೆಯಲ್ಲಿ ಕೂತವರಿಗೆ ಅದೆಲ್ಲ ಹೊಳೆಯುವುದಿಲ್ಲ.

ಆಗ ಅಪ್ಪನಿಗೆ ಒಂದು ವಿಚಾರ ಬಂತು. ಪುಸ್ತಕದಲ್ಲಿ ಅವನು ಓದಿದ್ದ: ಮನಸ್ಸಿಗೆ ಬಂದ ಒಂದು ಸಂಖ್ಯೆ ಹೇಳು ಎಂದು ಪೆಟ್ಟಿಗೆಗೆ ಕೇಳಬಹುದು, ಅದು ಹೇಳುತ್ತದೆ. ಚೀಟಿ ಎತ್ತುವುದೆಂದರೆ ಅದೇ ಅಲ್ಲವೇ? ಊಟದ ಹೊತ್ತಿನಲ್ಲಿ ಎಲ್ಲರೂ ಇದ್ದಾಗ ಅವನು ಹೇಳಿದ ಮಾತು ಇನ್ನೂ ನನ್ನ ಕಿವಿಯಲ್ಲಿದೆ.

“ಇದಕ್ಕ ಅಕ್ಕಿಲ್ಲ, ತಂಗಿಲ್ಲ. ಯಾರ ಮಾರೀನೂ ನೋಡೂದಿಲ್ಲ. ದಿನಾ ಮುಂಜಾನಿ ಪಾಳಿ ಇದ ಹೇಳಲಿ.”

ಆಯಿಗೆ ಸಾಕಾಗಿತ್ತು, ಹೂಂ ಎಂದಳು. ದೊಡ್ಡಪ್ಪ ಎಲಿ ಅಡಕಿ ಮೆಲ್ಲುತ್ತ ಕೂತಿದ್ದ. ಹೆಂಗಸರಿಗೆ ಇಂಗ್ಲಿಷ್ ಅಕ್ಷರ ಬಾರದು, ಪೆಟ್ಟಿಗೆಗೆ ಕನ್ನಡ ಬಾರದು. ಅದಕ್ಕೆ ಅಪ್ಪ ಒಬ್ಬೊಬ್ಬರಿಗೆ ಒಂದೊಂದು ಗುರುತು ಕೊಟ್ಟ. ದೊಡ್ಡವ್ವ ಚಿಕ್ಕಿಯ ಗುರುತು ಬೇಡಿದಳು, ಆಕಾಶದ ನಕ್ಷತ್ರದ ಹಾಗೆ ಸುತ್ತ ಕಡ್ಡಿ ಇರುವಂಥದು. ಚಿಗವ್ವನಿಗೆ ಕೂಡಿಸುವ ಗುರುತು. ನಮ್ಮವ್ವನಿಗೆ ಸೊನ್ನೆ. ಮೇಲೆ ಬಂದ ಗುರುತಿನವರಿಗೆ ರೊಟ್ಟಿ, ನಡುವಿನದಕ್ಕೆ ನೀರು, ಕೆಳಗಿನದಕ್ಕೆ ಪಲ್ಯ. ಬೆಳಿಗ್ಗೆ ಮೂವರೂ ಸೆರಗು ಸಿಕ್ಕಿಸಿಕೊಂಡು ಟಿವಿಯ ಮುಂದೆ ನಿಲ್ಲುತ್ತಿದ್ದರು. ಟೇಪು ಕಿರುಚಿ ಮುಗಿದ ಮೇಲೆ ಅಪ್ಪ ಒಂದು ಗುಂಡಿ ಒತ್ತಿ ನವಲಗುಂದದ ಬಸ್ಸಿಗೆ ಓಡುತ್ತಿದ್ದ. ಕರೆಂಟು ಇಲ್ಲದ ದಿನಕ್ಕೆ ಅವನೇ ಒಂದು ಕಾಯಿದೆ ಮಾಡಿದ್ದ: ನಿನ್ನೆಯ ಪಾಳಿಯೇ ಇವತ್ತಿಗೂ.

ಮೊದಲ ದಿನ ಮೇಲೆ ಚಿಕ್ಕಿ ಬಂತು. ಅದರ ಕೆಳಗೆ ಕೂಡಿಸುವ ಗುರುತು, ಕೊನೆಗೆ ಸೊನ್ನೆ. ಎಲ್ಲರೂ ನಕ್ಕರು, ಚಿಕ್ಕಿ ಬೇಡಿಕೊಂಡದ್ದಕ್ಕೆ ಚಿಕ್ಕಿಯೇ ಬಂತು ನೋಡು ಎಂದು ಚಿಗವ್ವ ಚೇಷ್ಟೆ ಮಾಡಿದಳು. ಮರುದಿನವೂ ಚಿಕ್ಕಿ. ಅದರ ಮರುದಿನ ಕರೆಂಟಿಲ್ಲ, ಆದ್ದರಿಂದ ಮತ್ತೆ ಚಿಕ್ಕಿ. ಆಮೇಲೆಯೂ ಹಾಗೆಯೇ. ರಜೆಯ ದಿನ ನಾವು ಮಕ್ಕಳು ಎಲ್ಲರಿಗಿಂತ ಮೊದಲು ಎದ್ದು ಪೆಟ್ಟಿಗೆಯ ಮೇಲೆ ಏನಾದರೂ ಆಟ ಆಡಿರುತ್ತಿದ್ದೆವು. ಆವತ್ತು ಮಾತ್ರ ಪಾಳಿ ಬೇರೆ ಬರುತ್ತಿತ್ತು. ಹಾಗಾಗಿ ಯಂತ್ರ ಕೆಟ್ಟಿದೆ ಎನ್ನಲೂ ಬರುತ್ತಿರಲಿಲ್ಲ. ಅದೃಷ್ಟ ಅಂದರೆ ಹಾಗೇ, ಒಂದೇ ಕಡೆ ಸಾಲಾಗಿ ಬಿದ್ದರೂ ಬಿದ್ದೀತು ಎಂದು ಅಪ್ಪ ಗಣಿತ ಹೇಳಿದ. ಚೀಟಿ ಚೀಟಿಯೇ ಎಂದು ದೊಡ್ಡವ್ವ ಒಲೆಯ ಮುಂದೆ ಕೂತಳು. ಬಿಳಿಜೋಳದ ಸುಗ್ಗಿ ಶುರುವಾಗಿ ಹೊಲಕ್ಕೆ ಬುತ್ತಿ ಕಟ್ಟುವ ಕಾಲ ಅದು. ಕೌದಿಯೊಳಗಿಂದ ನನಗೆ ಕೇಳುತ್ತಿದ್ದದ್ದು ಅದೇ ನಿಧಾನದ, ತೂಕದ ಬಡಿತ. ನಮ್ಮವ್ವ ಪಲ್ಯ ಒಗ್ಗರಣೆ ಹಾಕಿ, ತಲೆ ಬಾಚಿಕೊಂಡು, ನನ್ನ ಜಡೆ ಹೆಣೆಯುವಷ್ಟು ಪುರುಸೊತ್ತಿನಲ್ಲಿರುತ್ತಿದ್ದಳು. ನನಗೆ ಅದು ಬಲು ಖುಷಿ.

ಹೀಗೆ ಸುಗ್ಗಿ ಮುಗಿಯುತ್ತ ಬಂತು. ಒಂದು ಬೆಳಿಗ್ಗೆ ಚಿಕ್ಕಿ ಮೇಲೆ ಬಂದದ್ದನ್ನು ನೋಡಿ ದೊಡ್ಡವ್ವ ಸ್ವಲ್ಪ ಹೊತ್ತು ನಿಂತಳು. ಅವಳ ಅಂಗೈ ಕಾದು ಕಾದು ಕೆಂಪಾಗಿ, ಬೆರಳ ಸಂದಿನಲ್ಲಿ ಸೀಳು ಬಿಟ್ಟಿತ್ತು. ಇವತ್ತೂ ನಂದ ಐತಿ ಎಂದು ಯಾರಿಗೂ ಅಲ್ಲದ ಹಾಗೆ ಹೇಳಿ ಒಳಗೆ ಹೋದಳು. ಆವತ್ತಿನ ರೊಟ್ಟಿಯನ್ನೂ ಬಡಿದಳು. ಆಮೇಲೆ ದನದ ಹಕ್ಕಿಗೆ ಹೋಗಿ ದೊಡ್ಡಪ್ಪನ ಬಾಜೂಕೆ ಬಹಳ ಹೊತ್ತು ಕೂತಿದ್ದಳಂತೆ. ಸಂಜೆ ದೊಡ್ಡಪ್ಪ ಆಯಿಯ ಮುಂದೆ ಬಂದು ನಿಂತು, ದನಿ ಏರಿಸದೆ ಹೇಳಿದ.

“ಒಲಿ ಬ್ಯಾರೆ ಮಾಡೂಣು ಅವ್ವಾ. ಜಗಳ ಬ್ಯಾಡ.”

ಜಗಳ ಆಗಲಿಲ್ಲ. ಅದೇ ಕಷ್ಟವಾಯಿತು. ಜಗಳವಾಗಿದ್ದರೆ ಅಪ್ಪ ಯಾಕೆ ಎಂದು ಕೇಳುತ್ತಿದ್ದ, ದೊಡ್ಡವ್ವ ಹೇಳುತ್ತಿದ್ದಳು, ಅಲ್ಲಿಗೆ ಏನಾದರೂ ಬಗೆಹರಿಯುತ್ತಿತ್ತು. ಊರ ಹಿರಿಯರು ಬಂದು ಪಡಸಾಲೆಯಲ್ಲಿ ಜಮಖಾನೆ ಹಾಸಿಕೊಂಡು ಕೂತರು. ನಮ್ಮ ಪದ್ಧತಿಯಂತೆ ಹಿರಿಯ ಅಣ್ಣ ಪಾಲು ಹಚ್ಚಬೇಕು, ಕಿರಿಯ ಮೊದಲು ಆರಿಸಿಕೊಳ್ಳಬೇಕು. ಹೊಲ, ಎತ್ತು, ಗಡಿಗೆ, ಪರಾತ, ಹಂಚು ಎಲ್ಲ ಮೂರು ಗುಂಪಾದವು. ದೇವರ ಜಗಲಿಯನ್ನು ಮಾತ್ರ ಪಾಲು ಮಾಡಲಿಲ್ಲ. ಆಯಿ ಅದರ ಬದಿಗೆ ತನ್ನ ಹಾಸಿಗೆ ಹಾಕಿಸಿಕೊಂಡಳು. ಕೊನೆಗೆ ಬಾಂಕಿನ ಮೇಲಿದ್ದದ್ದರ ಸರದಿ ಬಂತು. ಹಿರಿಯರಲ್ಲೊಬ್ಬ ಟಿವಿ ತೋರಿಸಿ ಇದೇನು ಎಂದ. ಕಂಪ್ಯೂಟರಿನ ಭಾಗ ಎಂದ ಅಪ್ಪ. ಈ ಟೇಪು? ಅದೂ ಕಂಪ್ಯೂಟರಿನ ಭಾಗ. ಈ ಕರೇ ಹಲಗಿ? ಅದೂ.

“ಹಂಗಾರ ಅಡ್ಡೀ ಇಲ್ಲ ಮಾಸ್ತರ. ಮೂರು ಭಾಗ ಐತಿ, ಮೂರು ಮಂದಿ ಅದೀರಿ.”

ಅದು ಒಂದೇ ಸಾಮಾನು, ಬೇರೆ ಮಾಡಿದರೆ ಬದುಕುವುದಿಲ್ಲ ಎಂದು ಅಪ್ಪ ಹೇಳಬಹುದಿತ್ತು. ಹೇಳಲಿಲ್ಲ. ಕೂಡಿ ಇದ್ದ ಮನೆಯನ್ನೇ ಒಡೆಯಲು ಕೂತವರ ಮುಂದೆ ಹೇಗೆ ಹೇಳುವುದು? ಟಿವಿ ದೊಡ್ಡಪ್ಪನಿಗೆ ಹೋಯಿತು, ಟೇಪು ಕಾಕಾನಿಗೆ, ಹಲಗೆ ನಮಗೆ. ಪಡಸಾಲೆಯ ನಡುವೆ ಹಸಿ ಇಟ್ಟಿಗೆಯ ಗೋಡೆ ಎದ್ದಿತು. ನಮ್ಮ ಪಾಲಿಗೆ ಬದಿಯ ಓಣಿಗೆ ಹೊಸ ಬಾಗಿಲು ಒಡೆದರು. ಕಾಕಾ ಕೊಂಚ ದಿನಕ್ಕೆ ಹೆಂಡತಿ ಮಕ್ಕಳನ್ನು ಕರೆದುಕೊಂಡು ಅಣ್ಣಿಗೇರಿಗೇ ಹೋಗಿ ಮನೆ ಮಾಡಿದ. ಅಪ್ಪ ಹಲಗೆಯನ್ನು ಮತ್ತೆ ಅದೇ ಧೋತರದಲ್ಲಿ ಸುತ್ತಿ ಗೋಡೆಯ ಮಾಡದಲ್ಲಿಟ್ಟ.

ಅಣ್ಣತಮ್ಮಂದಿರು ಮಾತು ಬಿಟ್ಟರು ಎನ್ನುವಂತಿಲ್ಲ, ಮಾತು ತಾನಾಗಿಯೇ ನಿಂತಿತು. ಎದುರು ಸಿಕ್ಕರೆ ಮಳೆ, ಹತ್ತಿಯ ಸುದ್ದಿ ಒಂದೆರಡು, ಅಷ್ಟೇ. ಅಪ್ಪನನ್ನು ನಿಜವಾಗಿ ಕಡಿದದ್ದು ಕೆರೆಯ ದಂಡೆಯ ಮಾತು. ನೀರಿಗೆ ಹೋದ ಅವ್ವನಿಗೆ ಯಾರೋ ಹೇಳಿದ್ದರು: ಹೆಂಡತಿಯ ಕೈ ನೋಯಬಾರದೆಂದು ಮಾಸ್ತರ ಮಷೀನಿಗೆ ಕಲಿಸಿಟ್ಟಿದ್ದನಂತೆ. ಅವ್ವ ಬಂದು ಕೊಡ ಇಳಿಸುತ್ತ ಅದನ್ನೇ ಅಪ್ಪನಿಗೆ ಹೇಳಿದಳು. ಅಪ್ಪ ಉಣ್ಣುತ್ತಿದ್ದ ತಾಟನ್ನು ಸರಿಸಿ ಎದ್ದ. ನಮ್ಮಪ್ಪನಿಗೆ ಎಷ್ಟೋ ದೌರ್ಬಲ್ಯಗಳಿದ್ದವು, ಆದರೆ ಲೆಕ್ಕದಲ್ಲಿ ಕಳ್ಳತನ ಮಾಡುವವನಲ್ಲ. ಪರೀಕ್ಷೆಯಲ್ಲಿ ನನಗೇ ಅರ್ಧ ಮಾರ್ಕು ಹೆಚ್ಚು ಕೊಡದವನು. ದೊಡ್ಡವ್ವನಂತೂ ಅವನಿಗೆ ತಾಯಿಯ ಸಮ. ಅವಳು ಈ ಮನೆಗೆ ಸೊಸೆಯಾಗಿ ಬಂದಾಗ ಅಪ್ಪ ಇನ್ನೂ ಚಡ್ಡಿ ಹಾಕಿಕೊಂಡು ಸಾಲೆಗೆ ಹೋಗುವ ಹುಡುಗ. ಅವನ ಬುತ್ತಿ ಕಟ್ಟಿ ಕಳಿಸಿದವಳು ಅವಳೇ. ಅವಳ ಮನಸ್ಸಿನಲ್ಲಿ ತಾನು ಮೋಸಗಾರ ಎಂದು ಕೂತುಬಿಟ್ಟಿದೆ ಎಂಬ ಯೋಚನೆ ಅವನನ್ನು ತಿನ್ನತೊಡಗಿತು. ಆಗಾಗ ಹಾಳೆ ತೆಗೆದು, ಪೆಟ್ಟಿಗೆಗೆ ಕಲಿಸಿದ್ದ ಆ ಸಾಲುಗಳನ್ನು ಬರೆದು ನೋಡುತ್ತಿದ್ದ. ಎಲ್ಲಿಯೂ ತಪ್ಪು ಕಾಣುತ್ತಿರಲಿಲ್ಲ. ಚಿಕ್ಕಿ ಯಾಕೆ ಬರುತ್ತಿತ್ತು ಎಂಬುದು ಅವನಿಗೂ ಗೊತ್ತಿರಲಿಲ್ಲ.

ಗೊತ್ತಾದದ್ದು ಧಾರವಾಡದಲ್ಲಿ. ಹೈಸ್ಕೂಲುಗಳಿಗೆ ಕಂಪ್ಯೂಟರ್ ಕೊಡುವುದು ಶುರುವಾಗಿ, ಮಾಸ್ತರರನ್ನು ತರಬೇತಿಗೆ ಕರೆದಿದ್ದರು. ಅಲ್ಲಿಯ ಯಂತ್ರವೂ ಟಿವಿಗೆ ಹಚ್ಚುವಂಥದೇ. ಅಪ್ಪ ಮೊದಲು ಮಾಡಿದ ಕೆಲಸ, ಸ್ವಿಚ್ ಹಾಕಿ ಮನಸ್ಸಿಗೆ ಬಂದ ಸಂಖ್ಯೆ ಹೇಳು ಎಂದು ಕೇಳಿದ್ದು. ಹೇಳಿತು. ಬಂದ್ ಮಾಡಿ ಮತ್ತೆ ಹಾಕಿ ಕೇಳಿದ. ಅದೇ ಸಂಖ್ಯೆ. ಮತ್ತೆ ಕೇಳಿದರೂ ಅದೇ. ಕಲಿಸಲು ಬಂದವರು ವಿವರಿಸಿದರಂತೆ: ಇಂಥ ಯಂತ್ರದೊಳಗೆ ಸಂಖ್ಯೆಗಳು ಒಂದು ಸಾಲಾಗಿ ಮೊದಲೇ ಗೊತ್ತಾಗಿರುತ್ತವೆ, ಎದ್ದ ಕೂಡಲೇ ಸಾಲಿನ ಮೊದಲನೆಯದರಿಂದ ಹೇಳುತ್ತ ಹೋಗುತ್ತದೆ. ಬೇರೆ ಬೇರೆ ಬರಬೇಕಾದರೆ ಶುರುವಿನಲ್ಲಿ ಅದನ್ನು ಕದಡಲು ಒಂದು ಮಾತು ಹೇಳಬೇಕು. ರಜೆಯ ದಿನ ನಾವು ಆಟವಾಡಿ ಸಾಲಿನ ಮೊದಲಿನ ಸಂಖ್ಯೆಗಳನ್ನು ಮುಗಿಸಿರುತ್ತಿದ್ದೆವು, ಅದಕ್ಕೇ ಪಾಳಿ ಬದಲಾಗುತ್ತಿತ್ತು. ಅಪ್ಪ ಬಸ್ಸಿಳಿದು ಬಂದವನೇ ಪಾದ ತೊಳೆಯದೆ ಅವ್ವನ ಮುಂದೆ ಇದನ್ನೆಲ್ಲ ಹೇಳಿದ. ಅವನ ಮುಖದಲ್ಲಿ ಎಷ್ಟೋ ದಿನದ ಮೇಲೆ ಬೆಳಕು ಕಂಡು ನನಗೆ ಅಳು ಬಂದಂತಾಯಿತು. ನಾ ಮೋಸ ಮಾಡಿಲ್ಲ ನೋಡು ಎಂದು ಅವನು ಅವ್ವನಿಗೆ ಹೇಳುತ್ತಿದ್ದ. ಅವ್ವ ಯಾವತ್ತೂ ಅವನನ್ನು ಅನುಮಾನಿಸಿದವಳೇ ಅಲ್ಲ.

ಮುಂದೆ ನಾನು ಓದುವಾಗ ಸಿಕ್ಕ ಯಂತ್ರಗಳು ಬೇರೆ. ಅವಕ್ಕೆ ಫ್ಲಾಪಿ ಎಂಬ ತೆಳ್ಳನೆಯ ಚೌಕ ತುರುಕಿದರೆ ಅದರೊಳಗಿನಿಂದ ಡಾಸ್ ಎಂಬ ಆಪರೇಟಿಂಗ್ ಸಿಸ್ಟಂ ಎದ್ದು ಬರುತ್ತಿತ್ತು. ಬಂದದ್ದೇ ಅದು ಮೊದಲು ನಮ್ಮನ್ನೇ ಕೇಳುತ್ತಿತ್ತು, ಇವತ್ತು ಯಾವ ತಾರೀಖು, ಈಗ ಎಷ್ಟು ಹೊತ್ತು ಎಂದು. ತನ್ನಲ್ಲಿ ಗಡಿಯಾರವಿಲ್ಲ ಎಂಬ ಅರಿವಾದರೂ ಅದಕ್ಕಿತ್ತು. ಬಾಜೂಕಿನ ಹುಡುಗಿಯರು ಬೇಸರದಿಂದ ಎಂಟರ್ ಒತ್ತಿ ಮುಂದೆ ಹೋಗುತ್ತಿದ್ದರು. ನಾನು ಮಾತ್ರ ಪ್ರತಿ ಸಲವೂ ಸರಿಯಾದ ತಾರೀಖು, ಸರಿಯಾದ ಹೊತ್ತು ಬರೆದೇ ಮುಂದಿನ ಕೆಲಸ ಮಾಡುತ್ತಿದ್ದೆ. ನನಗೆ ಹಾಗೆ ಮಾಡದೆ ಸಮಾಧಾನವಾಗುತ್ತಿರಲಿಲ್ಲ.

ಸರಿ, ಅಪ್ಪನಿಗೆ ಕಾರಣ ಸಿಕ್ಕಿತು. ಅದನ್ನು ದೊಡ್ಡವ್ವನಿಗೆ ಹೇಳುವುದು ಹೇಗೆ? ಬರೀ ಬಾಯಿಮಾತಿನಲ್ಲಿ ಹೇಳಿದರೆ ಮಾಸ್ತರ ಹೊಸ ಕತೆ ಕಟ್ಟಿದ ಎನ್ನುತ್ತಾರೆ. ಕಣ್ಣಿಗೆ ತೋರಿಸಬೇಕು. ತೋರಿಸಲು ಟಿವಿ ಬೇಕು. ಟಿವಿ ಇರುವುದು ದೊಡ್ಡಪ್ಪನ ಮನೆಯಲ್ಲಿ. ನವಲಗುಂದದಲ್ಲಿ ಯಾರದಾದರೂ ಟಿವಿ ತರುವೆನೆಂದು ಒಮ್ಮೆ ಅಂದ, ಸಾಲೆಯ ಯಂತ್ರದ ಮುಂದೆ ಅವರನ್ನೇ ಕರೆದೊಯ್ಯುವೆನೆಂದು ಒಮ್ಮೆ ಅಂದ. ಗೋಡೆಯ ಆಚೆ ಕೆಮ್ಮಿದರೆ ಈಚೆ ಕೇಳುತ್ತಿತ್ತು, ಅಷ್ಟು ಹತ್ತಿರ. ಆದರೂ ಹೋಗಿ ಕೇಳುವುದು ಅವನಿಂದ ಆಗಲಿಲ್ಲ. ಕಡೆಗೆ ಒಂದು ದಿನ ಅವ್ವನೇ ಮಾಡದಿಂದ ಗಂಟು ಇಳಿಸಿ ಅವನ ಕೈಗಿಟ್ಟಳು. ಕೇಳಿದರೆ ನಾಲಿಗೆ ಸವೆಯುವುದಿಲ್ಲ, ಹೋಗಿ ಬರ್ರಿ ಎಂದಳು.

ರಜೆಯ ದಿನದ ಮಧ್ಯಾಹ್ನ ಅದು. ಅಪ್ಪ ಜಳಕ ಮಾಡಿ, ಇಸ್ತ್ರಿ ಅಂಗಿ ಹಾಕಿಕೊಂಡು, ಕಂಕುಳಲ್ಲಿ ಗಂಟು ಹಿಡಿದು ಹೊರಟ. ವಾಯರು ಹಿಡಿದು ಹಿಂದೆ ನಾನು. ಓಣಿ ಸುತ್ತಿಕೊಂಡು ನಮ್ಮದೇ ಹಳೆಯ ತಲಬಾಗಿಲಿಗೆ ಬಂದೆವು. ದೊಡ್ಡಪ್ಪ ಕಟ್ಟೆಯ ಮೇಲೆ ಹಗ್ಗ ಹೊಸೆಯುತ್ತಿದ್ದ. ನೋಡಿದ, ಹಗ್ಗ ಬದಿಗಿಟ್ಟ, ಬರ್ರಿ ಮಾಸ್ತರ ಎಂದ. ತಮ್ಮನಿಗೆ ಬಹುವಚನ ಹಚ್ಚಿದ್ದನ್ನು ನಾನು ಅಂದೇ ಮೊದಲು ಕೇಳಿದ್ದು. ದೊಡ್ಡವ್ವ ನೀರು ತಂದಿಟ್ಟು ಅಡುಗೆಮನೆಯ ಹೊಸ್ತಿಲಿಗೆ ಹೋಗಿ ನಿಂತಳು. ಅಪ್ಪ ನೀರು ಕುಡಿದು, ಒಂದು ತಾಸು ಟಿವಿ ಬೇಕಾಗಿತ್ತು ಎಂದು ನೆಲ ನೋಡಿಕೊಂಡು ಕೇಳಿದ. ಹಚ್ಚಿಕೊ ಎಂದ ದೊಡ್ಡಪ್ಪ, ಎದ್ದು ತಾನೇ ಟಿವಿಯ ಬಾಗಿಲು ಸರಿಸಿದ.

ಟೇಪು ಬೇಕಾಗಲಿಲ್ಲ. ಆ ಸಾಲುಗಳು ಅಪ್ಪನಿಗೆ ಬಾಯಿಪಾಠವಾಗಿದ್ದವು. ಗುಂಡಿ ಒತ್ತಿ ಒತ್ತಿ ಬರೆದ, ನಡೆಸಿದ. ಮೇಲೆ ಚಿಕ್ಕಿ, ಕೆಳಗೆ ಕೂಡಿಸುವ ಗುರುತು, ಕೊನೆಗೆ ಸೊನ್ನೆ. ಸ್ವಿಚ್ ತೆಗೆದು ಮತ್ತೆ ಹಾಕಿದ, ಮತ್ತೆ ಎಲ್ಲ ಬರೆದ. ಅದೇ ಚಿಕ್ಕಿ. ದೊಡ್ಡಪ್ಪ ಹತ್ತಿರ ಬಂದು ಕೂತ. ಅಪ್ಪ ಇನ್ನೊಮ್ಮೆ ಬಂದ್ ಮಾಡಿ, ಈ ಸಲ ಶುರುವಿಗೆ ಆ ಒಂದು ಮಾತು ಸೇರಿಸಿದ. ಮೇಲೆ ಸೊನ್ನೆ ಬಂತು. ಮತ್ತೆ ನಡೆಸಿದರೆ ಕೂಡಿಸುವ ಗುರುತು. ಮತ್ತೊಮ್ಮೆ ಚಿಕ್ಕಿ, ಆಮೇಲೆ ಸೊನ್ನೆ. ಅಪ್ಪ ಬೆವತಿದ್ದ. ತರಗತಿಯಲ್ಲಿ ಕಠಿಣ ಲೆಕ್ಕ ಬಿಡಿಸಿ ತೋರಿಸಿದಾಗಿನ ಹುಮ್ಮಸ್ಸು ಅವನ ದನಿಯಲ್ಲಿತ್ತು. ಹೊಸ್ತಿಲಲ್ಲಿದ್ದ ಅತ್ತಿಗೆಯ ಕಡೆಗೆ ತಿರುಗಿ ಹೇಳಿದ.

“ನಾ ಚೀಟಿ ಎತ್ತು ಅಂತ ಹೇಳಿದ್ನಿ ವೈನಿ, ಕಲಸಿ ಎತ್ತು ಅಂತ ಹೇಳಿದ್ದಿಲ್ಲ. ನನಗ ಗೊತ್ತ ಇದ್ದಿಲ್ಲ. ಬಂದ್ ಮಾಡಿದ ಕೂಡ್ಲೆ ಇದಕ್ಕ ಎಲ್ಲಾ ಮರತ ಹೋಗತೈತಿ. ನಿನ್ನಿ ನಿಮಗ ರೊಟ್ಟಿ ಕೊಟ್ಟೀನಿ ಅನ್ನೂದು ಇದಕ್ಕ ನೆನಪ ಇರೂದಿಲ್ಲ.”

ದೊಡ್ಡಪ್ಪ ತಲೆ ಅಲ್ಲಾಡಿಸಿದ. ನೀ ಮೋಸ ಮಾಡಿದಿ ಅಂತ ನಾ ಒಂದು ದಿನಾನೂ ಅಂದಿಲ್ಲೋ ತಮ್ಮಾ ಎಂದ. ಅಪ್ಪನ ಹೆಗಲು ಇಳಿಯಿತು. ಎಷ್ಟೋ ದಿನದಿಂದ ಹಿಡಿದುಕೊಂಡಿದ್ದ ಉಸಿರು ಬಿಟ್ಟ ಹಾಗೆ ಅವನು ನಕ್ಕ, ನನ್ನ ಕಡೆಯೂ ನೋಡಿ ನಕ್ಕ. ಆಗ ದೊಡ್ಡವ್ವ ಮಾತಾಡಿದಳು. ಸಿಟ್ಟಿರಲಿಲ್ಲ, ಅಳುವೂ ಇರಲಿಲ್ಲ. ಸಂತೆಯಿಂದ ಏನು ತರಬೇಕು ಎಂದು ಹೇಳುವಾಗಿನ ದನಿ.

“ಆತ್ರಿ ಮಾಸ್ತರ. ಅದಕ್ಕ ನೆನಪ ಇದ್ದಿಲ್ಲ. ನಿಮಗ ಇತ್ತಲ್ಲ.”

ಅಪ್ಪನ ಕೈ ಗುಂಡಿಗಳ ಮೇಲೇ ಇತ್ತು. ಪರದೆಯ ಮೇಲೆ ಸೊನ್ನೆ ಇನ್ನೂ ಹಾಗೇ ನಿಂತಿತ್ತು. ನಾನು ಅಪ್ಪನ ಮುಖ ನೋಡಿದೆ. ನನಗೆ ಅವನ ಮೇಲೆ ಮರುಕ ಬಂತು, ದೊಡ್ಡವ್ವನ ಮೇಲೆ ಸಿಟ್ಟೂ ಬಂತು. ಆ ವಯಸ್ಸಿಗೆ ಅಷ್ಟೇ ನನ್ನ ಕೈಯಲ್ಲಾದದ್ದು.

“ಇತ್ರಿ ವೈನಿ.”

ಅಪ್ಪ ಹೇಳಿದ್ದು ಇಷ್ಟೇ. ದೊಡ್ಡವ್ವ, ಹೊತ್ತಾಗಿದೆ, ಉಂಡು ಹೋಗಿರಿ ಎಂದು ಒಳಗೆ ನಡೆದಳು. ಅಣ್ಣತಮ್ಮಂದಿರಿಬ್ಬರಿಗೂ, ನನಗೂ ಬಿಸಿ ರೊಟ್ಟಿ, ಪುಂಡಿಪಲ್ಯ, ಶೇಂಗಾದ ಹಿಂಡಿ ಬಡಿಸಿದಳು. ನಮ್ಮ ಮನೆಯ ಗಂಡಸರು ಉಂಡ ತಾಟಿನಲ್ಲೇ ಕೈ ತೊಳೆದು ಎದ್ದು ಹೋಗುವವರು. ಅಪ್ಪನೂ ಹಾಗೆಯೇ ಬೆಳೆದವನು. ಆವತ್ತು ಅವನು ತಾಟನ್ನು ಎತ್ತಿಕೊಂಡು ಬಚ್ಚಲಿಗೆ ಹೋದ. ಕುಕ್ಕುರುಗಾಲಿನಲ್ಲಿ ಕೂತು, ಇಸ್ತ್ರಿ ಅಂಗಿಯ ತೋಳು ಮೇಲೇರಿಸಿ, ಒಲೆಯ ಬೂದಿ ಹಚ್ಚಿ, ಗೊತ್ತಿಲ್ಲದ ಕೈಯಿಂದ ತಿಕ್ಕತೊಡಗಿದ. ದೊಡ್ಡಪ್ಪ ಬಾಗಿಲಲ್ಲಿ ನಿಂತು ಹೆಂಡತಿಯ ಮುಖ ನೋಡಿದ. ಅಪ್ಪ ತನ್ನದನ್ನು ತೊಳೆದಿಟ್ಟು, ನನ್ನದನ್ನು ತೆಗೆದುಕೊಂಡ, ಆಮೇಲೆ ದೊಡ್ಡಪ್ಪನದನ್ನೂ. ದೊಡ್ಡವ್ವ ಕೈಕಟ್ಟಿ ನಿಂತು ನೋಡುತ್ತಿದ್ದಳು. ಬ್ಯಾಡ ಅನ್ನಲಿಲ್ಲ.